ಸ್ಕಾಟ್ಲೆಂಡಿನ ಪುಸ್ತಕಗಳು, ಡೀಮೆನ್‌ನ ಗೋಡೆ

2021ರ ಜನವರಿ 23ರ ರಾತ್ರಿ ಒಂಬತ್ತಕ್ಕೆ ನೆದರ್ಲೆಂಡ್ಸ್‌ನಲ್ಲಿ ಕೋವಿಡ್ ಕರ್ಫ್ಯೂ ಜಾರಿಗೆ ಬಂತು. ಮನೆಗೆ ದಿನಕ್ಕೆ ಒಬ್ಬ ಅತಿಥಿ ಮಾತ್ರ ಎಂಬ ಸೂಚನೆಯೂ ಅದೇ ವಾರದ್ದು. ನಮ್ಮ ಉಡುಪಿಯಲ್ಲಿ ಊಟಕ್ಕೆ ಬಂದವರ ತಲೆ ಎಣಿಸುತ್ತಿದ್ದವರು ಅಡುಗೆಯವರು. ಇಲ್ಲಿ ಎಣಿಸಿದ್ದು ಸರ್ಕಾರ.

ಡೀಮೆನ್‌ನ ನಮ್ಮ ಕಟ್ಟಡದಲ್ಲಿ, ಕೆಳಮನೆಯ ಈಯನ್ ಅವರಿಗೆ ಆ ಒಬ್ಬ ಅತಿಥಿ ನಾನು. ಈಯನ್ ಎಡಿನ್‌ಬರ್ಗ್‌ನವರು, ನಿವೃತ್ತ ವಾಸ್ತುಶಿಲ್ಪಿ. ಅವರ ಕಣ್ಣು ಮಂಜಾಗಿತ್ತು. ಓದಿ ಹೇಳಲು ಬರುತ್ತಿದ್ದ ಹುಡುಗಿ ಸೋಂಕಿನ ಭಯಕ್ಕೆ ಬರುವುದನ್ನು ನಿಲ್ಲಿಸಿದ ಮೇಲೆ ಸಂಜೆ ನಾನು ಹೋಗಿ ಓದತೊಡಗಿದೆ. ಅದಕ್ಕೂ ಅಫ್‌ಸ್ಪ್ರಾಕ್ ಬೇಕು. ಮೊದಲೇ ಸಮಯ ಗೊತ್ತುಮಾಡದೆ ಇಲ್ಲಿ ಯಾರೂ ನೆರೆಮನೆಯ ಕರೆಗಂಟೆ ಒತ್ತುವುದಿಲ್ಲ. ಅವರ ಕಪಾಟಿನ ತುಂಬ ಸ್ಕಾಟ್ಲೆಂಡಿನ ಶಾಸ್ತ್ರೀಯ ಕಟ್ಟಡಗಳ ಪುಸ್ತಕಗಳಿದ್ದವು. ಕಂಬಗಳ ಅಳತೆ, ಮೆಟ್ಟಿಲುಗಳ ನಕ್ಷೆ, ಮನೆ ಹೇಗಿರಬೇಕೆಂಬ ಹಳೆಯ ವಾದಗಳು.

ಎಡಿನ್‌ಬರ್ಗ್‌ನ 'ಹೊಸ ಪಟ್ಟಣ'ದ ಬಗ್ಗೆ ಒಂದು ಸಂಜೆ ಓದಿದೆ. ಹದಿನೆಂಟನೆಯ ಶತಮಾನದ ಆ ಬಡಾವಣೆಯ ಮನೆಗಳಲ್ಲಿ ಬೀದಿಗೆ ಕಾಣುವ ಗೋಡೆ ನಯವಾಗಿ ಕೆತ್ತಿದ ಕಲ್ಲಿನದು, ಹಿಂಬದಿಯದು ಒರಟು ಕಲ್ಲಿನದು. ಬೇರೆ ಬೇರೆಯವರ ಮನೆಗಳು ಸಾಲಾಗಿ ನಿಂತು ಒಂದೇ ಅರಮನೆಯಂತೆ ಕಾಣಬೇಕೆಂಬುದು ಆಗಿನ ವಿಚಾರ. ನಮ್ಮ ಊರಿನ ಮನೆಗೂ ಮುಂದೆ ಗಿಲಾವು, ಹಿಂದೆ ಬರೀ ಕೆಂಪುಕಲ್ಲು ಎಂದು ನಾನು ಹೇಳಿದೆ.

"ಯಾಕೆ, ದುಡ್ಡು ಮುಗಿದಿತ್ತಾ, ಅಥವಾ ಅದೂ ವಿಚಾರವಾ?" ಎಂದರು ಈಯನ್.

"ದುಡ್ಡು."

"ನಮ್ಮಲ್ಲೂ ಅದೇ. ಪುಸ್ತಕದಲ್ಲಿ ವಿಚಾರ ಅಂತ ಬರೀತಾರೆ."

ಫೆಬ್ರವರಿಯಲ್ಲಿ ಅವರಿಗೆ ರೈಸ್‌ವೈಕ್‌ನ ವೃದ್ಧರ ವಸತಿಯಲ್ಲಿ ಕೋಣೆ ಸಿಕ್ಕಿತು. ಅಲ್ಲಿ ಕಪಾಟಿಗೆ ಜಾಗವಿಲ್ಲ. ಹಳೆಯ ಸಾಮಾನಿನ ಅಂಗಡಿಗಳು ಮುಚ್ಚಿದ್ದವು. ಉಳಿದದ್ದು ಔಡ್ ಪಾಪೀರ್, ಅಂದರೆ ಬೀದಿಯ ಮೂಲೆಯಲ್ಲಿರುವ ರದ್ದಿಕಾಗದದ ತೊಟ್ಟಿ.

"ನೀನೇ ತಗೋ. ಆದರೆ ಎಲ್ಲವನ್ನೂ," ಎಂದರು. "ಚಂದದ್ದನ್ನು ಆರಿಸಿಕೊಂಡು ಉಳಿದದ್ದನ್ನು ತೊಟ್ಟಿಗೆ ಹಾಕೋದಾದರೆ, ಆ ಕೆಲಸ ನನಗೂ ಬರುತ್ತೆ."

ನನ್ನ ಗಂಡ ಪ್ರಸಾದ್ ಒಪ್ಪಲಿಲ್ಲ. ಅವರ ಕೆಲಸದ ಪರ್ಮಿಟ್ ಮೇಲೆ ಬಂದ ನಾವು ನಾಲ್ಕು ವರ್ಷಗಳಲ್ಲಿ ಭಾರದ ವಸ್ತು ಒಂದನ್ನೂ ಕೊಂಡಿರಲಿಲ್ಲ. ಮಂಚವೂ ಮನೆ ಮಾಲೀಕನದೇ.

"ಎಂತ ಮಾರಾಯ್ತಿ, ಅದು ಪುಸ್ತಕವಾ, ಕಲ್ಲಾ? ನಾಳೆ ಪರ್ಮಿಟ್ ರಿನ್ಯೂ ಆಗದಿದ್ರೆ ಫ್ಲೈಟಲ್ಲಿ ಹೊತ್ಕೊಂಡು ಹೋಗ್ಲಿಕ್ಕುಂಟಾ?"

"ಆಗದಿದ್ರೆ ಆಗ ನೋಡುವ."

"ಮಂಗಳೂರಲ್ಲಿ ನೀನು ಕೆಲಸಕ್ಕಿದ್ದ ಪೇಪರ್ ಆಫೀಸಲ್ಲೂ ಹೀಗೇ 'ನೋಡುವ' ಅಂತ ಪುಟ ಖಾಲಿ ಬಿಡ್ತಿದ್ರಾ?"

"ಪುಟ ಬಿಡ್ತಿರ್ಲಿಲ್ಲ. ಇಲ್ಲಿ ಮನೆಯನ್ನೇ ಖಾಲಿ ಬಿಟ್ಟದ್ದು ನಾವು."

ಮರುದಿನದ ಅತಿಥಿಯಾಗಿ ಪ್ರಸಾದ್ ಹೋದರು, ಪುಸ್ತಕ ಬೇಡವೆಂದು ಹೇಳಿ ಬರಲು. ಬರಿಗೈಯಲ್ಲಿ ಹಿಂದಿರುಗಿ ಕುಕ್ಕರ್ ತೊಳೆಯಲು ನಿಂತರು.

"ಅವ್ರೂ ಎರಡು ವರ್ಷಕ್ಕೆ ಅಂತ ಬಂದದ್ದಂತೆ," ಎಂದರು. "ಎಂಟು ವರ್ಷ ಒಂದು ಮೇಜು ತಗೊಳ್ಳಲಿಲ್ಲವಂತೆ. ಪೆಟ್ಟಿಗೆ ಮೇಲೆ ತಟ್ಟೆ ಇಟ್ಟು ಊಟ."

"ಮತ್ತೆ?"

"ಮತ್ತೆಂತ? ದೊಡ್ಡ ದೊಡ್ಡ ನಕ್ಷೆಯ ಪುಸ್ತಕ ತಗೊಂಡ್ರಂತೆ. ಬಿಡಿಸಿ ನೋಡ್ಲಿಕ್ಕೆ ಮೇಜು ಬೇಕಾಯ್ತು." ಕುಕ್ಕರ್ ಕವುಚಿಟ್ಟು, "ಆ ಮೆಟ್ಟಿಲಿನ ಚಿತ್ರ ಇರುವ ಪುಸ್ತಕ ಒಳ್ಳೇದುಂಟು," ಎಂದರು.

ಪುಸ್ತಕಗಳೆಲ್ಲ ಮೇಲೆ ಬಂದವು. ಈಯನ್ ರೈಸ್‌ವೈಕ್‌ಗೆ ಹೋದರು. ಈಗ ಅವರಿಗೆ ಫೋನಿನಲ್ಲಿ ಓದಿ ಹೇಳುತ್ತೇನೆ. ನಡುವೆ ಗೊರಕೆ ಕೇಳಿಸುತ್ತದೆ, ಕೇಳಿದರೆ ಅವರು ಒಪ್ಪುವುದಿಲ್ಲ.

ಉಡುಪಿಯಿಂದ ವಿಡಿಯೊ ಕರೆಯಲ್ಲಿ ಅತ್ತೆ ಆ ಪುಸ್ತಕಗಳಿಗೆಂದು ನಾವು ಕೊಂಡ ಹೊಸ ಕಪಾಟನ್ನು ನೋಡಿದರು. "ಇನ್ನು ನೀವು ಊರಿಗೆ ಬರ್ಲಿಕ್ಕಿಲ್ವಾ?" ಎಂದು ಕೇಳಿದರು.

"ಬರ್ತೇವಮ್ಮ," ಎಂದರು ಪ್ರಸಾದ್. ಅವರ ಕೈಯಲ್ಲಿ ಡ್ರಿಲ್ ಇತ್ತು.

ಕಪಾಟನ್ನು ಗೋಡೆಗೆ ಸ್ಕ್ರೂ ಹಾಕಿ ಬಿಗಿಯಲಾಗಿದೆ. ಪರ್ಮಿಟ್ ನವೀಕರಣದ ಅರ್ಜಿಗೆ ಇದನ್ನು ಬರೆಯುವ ಹೊತ್ತಿಗೆ ಉತ್ತರ ಬಂದಿಲ್ಲ.