ಬರ್ಲಿನ್ನಿಗೆ ಹೋದ ನಮ್ಮ ಹಾಲ್

ಎದುರು ಫ್ಲಾಟಿಗೆ ಬೆಳಗಿನಿಂದ ಬಣ್ಣ ಬಳಿಯುತ್ತಿದ್ದಾರೆ. ಆ ವಾಸನೆ ಮೂಗಿಗೆ ಬಡಿದಾಗಿನಿಂದ ನನಗೆ ನಗು ತಡೆಯಲಾಗುತ್ತಿಲ್ಲ. ಕಾರಣ ಹೇಳುತ್ತೇನೆ, ನೀವು ನಗುವುದು ನನ್ನನ್ನು ನೋಡಿಯೇ ಎಂದು ಗೊತ್ತಿದ್ದೂ ಹೇಳುತ್ತೇನೆ.

ಹತ್ತು ವರ್ಷಗಳ ಹಿಂದೆ ಕುವೈತಿನ ಫರ್ವಾನಿಯಾದ ನಮ್ಮ ಈ ಮನೆಗೆ ವಿಯೆನ್ನಾದಿಂದ ಮಾರ್ಥಾ ಎಂಬಾಕೆ ಬಂದಿದ್ದಳು. ಜರ್ಮನ್ ಸಿನಿಮಾಗಳಿಗೆ ಮನೆ, ಅಂಗಡಿ, ಬೀದಿಗಳನ್ನು ಕಟ್ಟಿಕೊಡುವುದು ಅವಳ ಕಸುಬು. ಹದಿನೈದು ವರ್ಷ ಬೇರೆಯವರ ಕೈಕೆಳಗೆ ದುಡಿದವಳಿಗೆ ಕಲಾ ನಿರ್ದೇಶಕಿಯಾಗಿ ಇದು ಮೊದಲ ಚಿತ್ರ. ಕಥೆಯಲ್ಲಿ ಕುವೈತಿನ ಒಂದು ಭಾರತೀಯ ಕುಟುಂಬ. ಅವರ ಮನೆಯನ್ನು ಬರ್ಲಿನ್ನಿನ ಸ್ಟುಡಿಯೋದಲ್ಲಿ ಕಟ್ಟಬೇಕು. ಅದು ಸುಳ್ಳೆನಿಸಿದರೆ ಮತ್ತೆ ಸಹಾಯಕಿಯ ಕೆಲಸವೇ ಗತಿ. ನಮ್ಮ ಆಫೀಸಿನ ಆಸ್ಟ್ರಿಯನ್ ಎಂಜಿನಿಯರ್ ಅವಳ ಪರಿಚಯದವನು. ಅವನು ಕೇಳಿದ್ದೇ ತಡ, ನಮ್ಮ ಮನೆ ತೋರಿಸಲು ನಾನು ಎದೆಯುಬ್ಬಿಸಿ ಒಪ್ಪಿದೆ.

ಒಪ್ಪಿದವನು ಸುಮ್ಮನಿರಬೇಕಿತ್ತು. ಪಾದ್ರಿಗಳು ಮನೆಗೆ ಬರುತ್ತಾರೆಂದರೆ ಫ್ಯಾನಿನ ರೆಕ್ಕೆಯನ್ನೂ ತೊಳೆಯುವ ಮಂಗಳೂರಿನ ಜನ ನಾವು; ಸಿನಿಮಾದವರೆಂದರೆ ಬಿಡುತ್ತೇವೆಯೇ? ನಾನೂ ನನ್ನ ಹೆಂಡತಿ ಲಿಲ್ಲಿಯೂ ಎರಡು ದಿನ ರಜೆ ಹಾಕಿ ಗೋಡೆಗೆ ಬಣ್ಣ ಹೊಡೆದೆವು. ಊರಿಗೆ ಒಯ್ಯಲೆಂದು ವರ್ಷವಿಡೀ ಸಾಬೂನು, ಹಾಲಿನ ಪುಡಿ ತುಂಬಿಸಿಡುವ ರಟ್ಟಿನ ಪೆಟ್ಟಿಗೆ, ಬಟ್ಟೆ ಒಣಗಿಸುವ ಹಗ್ಗ, ಸೋಫಾದ ಹಳೆಯ ಹೊದಿಕೆ ಎಲ್ಲವೂ ಕೆಳಮನೆಯ ಹಮೀದ್ ಭಾಯಿಯ ಮನೆ ಸೇರಿದವು.

ಮಾರ್ಥಾ ಟೇಪು, ಕ್ಯಾಮೆರಾ ಹಿಡಿದು ಬಂದು ಹಾಲಿನ ನಡುವೆ ನಿಂತಳು. "ಇಲ್ಲಿ ಯಾರೂ ವಾಸವಿಲ್ಲವೇ?" ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಲಿಲ್ಲಿ ಅದನ್ನು ಹೊಗಳಿಕೆಯೆಂದೇ ತಿಳಿದು ಇನ್ನೊಂದು ತುಂಡು ಕೇಕ್ ಬಡಿಸಿದಳು. ಮಾರ್ಥಾಳ ಕಣ್ಣು ತುಂಬಿತ್ತು. ತನಗೆ ಬೇಕಾದದ್ದು ನಾವು ದಿನಾ ಬದುಕುವ ಮನೆ, ನಾಳೆ ತನ್ನ ವಿಮಾನ ಎಂದಳು. ನಾನು ಕೆಳಗೆ ಓಡಿದೆ.

"ಎಂತ ಮಾರಾಯ್ರೆ, ಅವರಿಗೆ ನಮ್ಮ ಗಲೀಜು ಬೇಕಾ?" ಎಂದರು ಹಮೀದ್ ಭಾಯಿ.

"ಹೌದು ಭಾಯಿ. ಎಲ್ಲ ವಾಪಸ್ ಮೇಲೆ ತರ್ಬೇಕು."

"ಹಾಗಾದ್ರೆ ನಮ್ಮದೂ ಸ್ವಲ್ಪ ತಗೊಂಡು ಹೋಗಿ. ಯಲ್ಲಾ, ಚಲೋ."

ಆಮೇಲೆ ಎರಡು ಗಂಟೆ ಮನೆಯಲ್ಲಿ ಹುಚ್ಚೇ ಹುಚ್ಚು. ಯಾವುದು ಎಲ್ಲಿತ್ತೆಂದು ನಾವಿಬ್ಬರೂ ಜಗಳವಾಡಿದೆವು, ಮಗಳು ಇಂಗ್ಲಿಷಿನಲ್ಲಿ ತೀರ್ಪು ಕೊಟ್ಟಳು. ಹೊಸ ಬಣ್ಣದ ಗೋಡೆಗೆ ಮೊದಲಿನಂತೆ ಎಣ್ಣೆ ಕೈ ಒರೆಸಲು ಮಾತ್ರ ಲಿಲ್ಲಿ ಒಪ್ಪಲೇ ಇಲ್ಲ. ಕೊನೆಗೆ ಕಣ್ಣು ಮುಚ್ಚಿಕೊಂಡು ತಾನೇ ಒರೆಸಿದಳು. ಆ ಕಲೆಯನ್ನೂ ಮಾರ್ಥಾ ಅಳತೆ ಮಾಡಿ ಬರೆದುಕೊಂಡಳು. ಪೆಟ್ಟಿಗೆಗೆ ಹಗ್ಗ ಬಿಗಿಯುವುದನ್ನು ಹಮೀದ್ ಭಾಯಿಯಿಂದ ಕಲಿತಳು. "ಅರ್ಧ ತುಂಬಿದ ಈ ಪೆಟ್ಟಿಗೆಯೇ ನನ್ನ ಚಿತ್ರ" ಎಂದು ನಗತೊಡಗಿದವಳು ನಿಲ್ಲಿಸಲೇ ಇಲ್ಲ. ನಾವೂ ನಿಲ್ಲಿಸಲಿಲ್ಲ.

ಆ ಚಿತ್ರ ಇಲ್ಲಿಗೆ ಬರಲಿಲ್ಲ. ಹೋದ ವಾರ ಮಗಳು ಎಲ್ಲಿಂದಲೋ ಹುಡುಕಿ ಲ್ಯಾಪ್‌ಟಾಪಿನಲ್ಲಿ ತೋರಿಸಿದಳು. ಜರ್ಮನ್ನಿನ ಒಂದು ಮಾತೂ ತಿಳಿಯದ ನಾವು ನಟರನ್ನು ಬಿಟ್ಟು ಗೋಡೆಗಳನ್ನೇ ನೋಡಿದೆವು. ಕಲಾ ನಿರ್ದೇಶಕಿಯಾಗಿ ಮಾರ್ಥಾಳ ಹೆಸರೊಂದೇ ತೆರೆಯ ಮೇಲೆ ಬಂದಾಗ ನಾನು ಎದ್ದು ನಿಂತು ಚಪ್ಪಾಳೆ ತಟ್ಟಿದೆ. ಆಮೇಲೆ ಅವಳು ಇನ್ನೂ ಎಷ್ಟೋ ಚಿತ್ರಗಳನ್ನು ಮಾಡಿದ್ದಾಳಂತೆ. ಲಿಲ್ಲಿ ಏಳಲಿಲ್ಲ. ಕಣ್ಣೊರೆಸಿಕೊಂಡು, "ನಮ್ಮ ಮನೆ ಇಷ್ಟು ಚಂದ ಉಂಟು ಅಂತ ನೀವು ಒಂದು ದಿನ ಸಹ ಹೇಳ್ಲಿಲ್ಲ ಅಲ್ವಾ?" ಎಂದಳು.

ಹೇಳಿರಲಿಲ್ಲ, ನಿಜ. ಇವತ್ತು ಬೆಳಿಗ್ಗೆ ಚಹಾ ಕುಡಿಯುತ್ತಾ ಹೇಳಿದೆ.