ಆನವಟ್ಟಿಯಲ್ಲಿ ಕೊಟ್ಟ ಸಾಲ

ಬಳ್ಳಿಗಾವಿಯ ವರದಮ್ಮ ಬಡ್ಡಿಗೆ ಸಾಲ ಕೊಡುವವಳು. ಹಾಗೆಂದರೆ ಹೊಟ್ಟೆ ಬಿಟ್ಟುಕೊಂಡು ಗಾದಿಯ ಮೇಲೆ ಕೂತ ಸಾಹುಕಾರರೇ ಕಣ್ಣಿಗೆ ಬರುತ್ತಾರೆ. ಇವಳೋ ಕಡ್ಡಿಯಂಥ ಹೆಂಗಸು, ಗಂಡ ಸತ್ತ ಮೇಲೆ ಎಮ್ಮೆ ಕಟ್ಟಿ ಹಾಲು ಮಾರಿ ತಲೆಯೆತ್ತಿದವಳು. ಅವಳು ಕೊಡುತ್ತಿದ್ದುದು ತನ್ನ ದುಡ್ಡೊಂದನ್ನೇ ಅಲ್ಲ. ಕೇರಿಯ ಹೆಂಗಸರು ಗಂಡಂದಿರ ಕಣ್ಣು ತಪ್ಪಿಸಿ ಉಳಿಸಿದ್ದನ್ನೆಲ್ಲ ತಂದು ಅವಳ ಕೈಗೆ ಹಾಕುತ್ತಿದ್ದರು. ಒಂದು ಚೀಟಿಯನ್ನೂ ಕೇಳುತ್ತಿರಲಿಲ್ಲ.

ಲೈಸೆನ್ಸಿಲ್ಲದೆ ಕೊಟ್ಟ ಸಾಲವನ್ನು ಕೋರ್ಟು ವಸೂಲಿ ಮಾಡಿಸಿಕೊಡುವುದಿಲ್ಲ ಎಂದು ಯಾರೋ ಹೇಳಿದ್ದೇ ತಡ, ಶಿಕಾರಿಪುರಕ್ಕೆ ಹೋಗಿ ಆ ತಾಲ್ಲೂಕಿನ ಫೀಸು ಕಟ್ಟಿ ಲೈಸೆನ್ಸು ತಂದಳು. ಕಾಗದಕ್ಕೆ ಕಟ್ಟು ಹಾಕಿಸಿ ದೇವರ ಪಟಗಳ ಪಕ್ಕ ತೂಗುಹಾಕಿದಳು. ಊರಿನ ಒಬ್ಬ ಗಂಡಸಿನ ಹತ್ತಿರವೂ ಇಲ್ಲದ ಕಾಗದ! ಅದರ ಗರ್ವ ಅವಳಿಗೆ ಇಲ್ಲದಿರಲಿಲ್ಲ.

೧೯೫೭ರ ಕೊನೆಯಲ್ಲಿ ಜಡೆಯ ಮಹೇಶ್ವರಪ್ಪ ಬಂದ. ಉಳ್ಳವನೇ, ಆನವಟ್ಟಿಯಲ್ಲಿ ಅಕ್ಕಿ ಗಿರಣಿ ಹಾಕುತ್ತಿದ್ದ. ಎಂಜಿನ್ನಿಗೆ ದುಡ್ಡು ಕಡಿಮೆ ಬಿದ್ದಿತ್ತು.

"ಅಕ್ಕಾ, ಸುಗ್ಗಿ ಮುಗೀತಿದ್ದಂಗೆ ಬಡ್ಡಿ ಸಮೇತ ತಂದಿಡ್ತೀನಿ. ಶುಕ್ರವಾರ ಬೆಳಿಗ್ಗೆ ಬರ್ತೀನಿ, ಜೋಡಿಸಿಡ್ರಿ."

"ಶುಕ್ರವಾರ ನಮ್ಮನೆಯಿಂದ ಕಾಸು ಹೊರಗೆ ಹೋಗಂಗಿಲ್ಲಪ್ಪ. ಲಕ್ಷ್ಮೀನ ಕೈಯಾರೆ ಹೊರಗೆ ಹಾಕ್ದಂಗೆ."

ಅವನಿಗೆ ಬೇರೆ ದಿನ ಆಗುವಂತಿರಲಿಲ್ಲ. ಬಂದ ಗಿರಾಕಿಯನ್ನು ಬಿಡಲು ಇವಳಿಗೂ ಮನಸ್ಸಿಲ್ಲ. ಉಪಾಯ ಹೊಳೆಯಿತು. ಗುರುವಾರವೇ ದುಡ್ಡನ್ನು ಮಡಿಲಿಗೆ ಕಟ್ಟಿಕೊಂಡು ಬಸ್ಸು ಹತ್ತಿದಳು. ರಾತ್ರಿ ಆನವಟ್ಟಿಯ ತಂಗಿಯ ಮನೆಯಲ್ಲಿ ಉಳಿದು, ಶುಕ್ರವಾರ ಬೆಳಿಗ್ಗೆ ಮಹೇಶ್ವರಪ್ಪನ ಗಿರಣಿಯ ಕಟ್ಟೆಯ ಮೇಲೆ ಕೂತು ಎಣಿಸಿಕೊಟ್ಟು ಪತ್ರಕ್ಕೆ ಸಹಿ ಹಾಕಿಸಿಕೊಂಡಳು. ತಂಗಿಯ ಮನೆಯ ಲಕ್ಷ್ಮಿಯ ಪಾಡೇನು ಎಂದು ಯಾರೂ ಕೇಳಲಿಲ್ಲ. ಆನವಟ್ಟಿ ಸೊರಬ ತಾಲ್ಲೂಕಿಗೆ ಸೇರಿದ್ದೆಂಬುದು ಅವಳಿಗೆ ಗೊತ್ತಿಲ್ಲದ್ದೇನಲ್ಲ. ಆದರೆ ಅದರಿಂದ ಏನಾದೀತು ಎಂಬುದು ಹೊಳೆಯಲಿಲ್ಲ.

ಸುಗ್ಗಿ ಮುಗಿಯಿತು, ಗಿರಣಿ ಹೊಗೆ ಉಗುಳತೊಡಗಿತು, ದುಡ್ಡು ಮಾತ್ರ ಬರಲಿಲ್ಲ. ಕೇಳಲು ಹೋದಾಗಲೆಲ್ಲ ಅವನು ಕಾಫಿ ಕುಡಿಸಿ ಕಳಿಸಿದ. ಕೊನೆಗೆ ಅದೂ ನಿಂತು, "ಕೋರ್ಟಿಗೆ ಹೋಗ್ರಿ" ಎಂದ. ಹೋದಳು.

ಮಹೇಶ್ವರಪ್ಪ ಕೋರ್ಟಿನಲ್ಲಿ ಸಾಲವನ್ನು ಅಲ್ಲಗಳೆಯಲೇ ಇಲ್ಲ. ಸಾಲ ಕೊಟ್ಟದ್ದು ಸೊರಬ ತಾಲ್ಲೂಕಿನಲ್ಲಿ, ಈಯಮ್ಮ ಫೀಸು ಕಟ್ಟಿದ್ದು ಶಿಕಾರಿಪುರಕ್ಕೆ ಮಾತ್ರ, ಆದ್ದರಿಂದ ಆ ಸಾಲಕ್ಕೆ ಲೈಸೆನ್ಸೇ ಇಲ್ಲ ಎಂದು ತನ್ನ ವಕೀಲರಿಂದ ಬರೆಸಿ ಕೊಟ್ಟ. ಎಷ್ಟು ಸಲೀಸು, ನೋಡಿ! ತಿಂದವನಿಗೆ ತಿಂದೆ ಎನ್ನಲು ನಾಚಿಕೆಯಿಲ್ಲ.

ವರದಮ್ಮನ ವಕೀಲ ನಾಗಪತಿ ಅವಳನ್ನು ಪಕ್ಕಕ್ಕೆ ಕರೆದರು. "ಬಳ್ಳಿಗಾವಿ ಮನೇಲೇ ಕೊಟ್ಟೆ ಅಂತ ಒಂದು ಮಾತು ಹೇಳಿಬಿಡಿ. ಪತ್ರದಲ್ಲಿ ಊರಿನ ಹೆಸರಿಲ್ಲ. ಇಲ್ಲದಿದ್ರೆ ದುಡ್ಡು ಹೋಯ್ತು ಅಂತಲೇ ತಿಳ್ಕೊಳ್ಳಿ."

ಅವಳು ಒಪ್ಪಿದಳು. ಸುಳ್ಳು ಹೇಳಿದ ಪಾಪ ತನಗಿರಲಿ, ಹೆಂಗಸರ ದುಡ್ಡು ಮುಳುಗದಿದ್ದರೆ ಸಾಕು ಎಂದುಕೊಂಡಳು. ವಿಚಾರಣೆಯ ದಿನ ಆ ಹೆಂಗಸರೂ ಬಂದಿದ್ದರು. ಗುಡ್ಡಮ್ಮ, ಮೂಕಮ್ಮ ಬಾಗಿಲ ಬಳಿ ಸೆರಗು ಹೊದ್ದು ನಿಂತಿದ್ದರು. ಎಲ್ಲರಿಗಿಂತ ಹೆಚ್ಚು ಇಟ್ಟವಳು ಗುಡ್ಡಮ್ಮ.

ವರದಮ್ಮ ಕಲಿತದ್ದನ್ನು ಸರಿಯಾಗಿಯೇ ಹೇಳಿದಳು. ಆಗ ಎದುರಿನ ವಕೀಲರು ನಕ್ಕರು. "ಪತ್ರದಲ್ಲಿರೋ ತಾರೀಖು ಶುಕ್ರವಾರ. ಅಂದ್ರೆ ಶುಕ್ರವಾರ ಬೆಳಿಗ್ಗೆ ಮನೆ ಲಕ್ಷ್ಮೀನ ಹೊರಗೆ ಹಾಕಿದ್ರಿ ಅನ್ನಿ. ಗಂಡ ಸತ್ತ ಮೇಲೆ ಆಚಾರ ವಿಚಾರ ಎಲ್ಲ ಬಿಟ್ಟುಬಿಟ್ರೋ?"

ಅವಳ ಮೈಯೆಲ್ಲ ಉರಿಯಿತು. ಕಣ್ಣು ಬಾಗಿಲ ಕಡೆ ಹೋಯಿತು. ಹೆಂಗಸರು ಅವಳನ್ನೇ ನೋಡುತ್ತಿದ್ದರು.

"ಯಾವನ್ರೀ ಹಂಗಂದೋನು? ನಾನು ಹುಟ್ಟಿದಾಗಿಂದ ಶುಕ್ರವಾರ ಕಾಸು ಹೊರಗೆ ಹಾಕ್ದೋಳಲ್ಲ! ಅದಕ್ಕೇ ಹಿಂದಿನ ದಿನ ಆನವಟ್ಟಿಗೆ ಹೋಗಿ..."

ನಾಗಪತಿ ಹಣೆ ಚಚ್ಚಿಕೊಂಡರು.

"ಸೊರಬದ ಫೀಸು ಎಷ್ಟಾಗ್ತತಿ ಹೇಳ್ರಿ ಸ್ವಾಮಿ, ಇವತ್ತೇ ಕಟ್ತೀನಿ" ಎಂದು ಅವಳು ನ್ಯಾಯಾಧೀಶರಿಗೆ ಕೈಮುಗಿದಳು. ಇವತ್ತು ಕಟ್ಟಿದ ಫೀಸು ಮುಂದಿನ ಸಾಲಕ್ಕೆ, ಹಿಂದಿನದಕ್ಕೆ ಅಲ್ಲ ಎಂದು ಅವರು ಸಮಾಧಾನವಾಗಿಯೇ ತಿಳಿಸಿದರು. ದಾವಾ ವಜಾ ಆಯಿತು. ಎದುರಾಳಿಯ ಖರ್ಚೂ ಅವಳ ತಲೆಯ ಮೇಲೆ ಬಿತ್ತು.

ವರದಮ್ಮ ಯಾರ ಕಾಲಿಗೂ ಬೀಳಲಿಲ್ಲ. ಎಮ್ಮೆಗಳನ್ನು ಮಾರಿದಳು, ಕೊನೆಗೆ ಹಿತ್ತಲನ್ನೂ ಮಾರಿದಳು. ಹೆಂಗಸರ ಮನೆ ಮನೆಗೆ ಹೋಗಿ ದುಡ್ಡು ಮುಟ್ಟಿಸಿ ಬಂದಳು. ಗುಡ್ಡಮ್ಮನ ಗಂಟು ದೊಡ್ಡದು, ಅದನ್ನು ತೀರಿಸುವ ಹೊತ್ತಿಗೆ ಅವಳ ಬಳಿ ನಾಲ್ಕು ಗೋಡೆ ಬಿಟ್ಟು ಏನೂ ಉಳಿದಿರಲಿಲ್ಲ. ಆದರೂ ಮನಸ್ಸು ಹಗುರಾಗಿತ್ತು. ಮಾತು ಉಳಿಯಿತಲ್ಲ!

"ಇಷ್ಟನ್ನೂ ಮನೇಲಿ ಇಟ್ಕಂಬೇಡ ಕಣೇ, ನಿನ್ ಗಂಡ ಕುಡಿದುಬಿಟ್ಟಾನು" ಎಂದು ಗುಡ್ಡಮ್ಮನಿಗೆ ಹೇಳಿದಳು.

"ಮನೇಲಿ ಯಾಕಿಡ್ಲಿ?" ಗುಡ್ಡಮ್ಮ ಗಂಟನ್ನು ಸೊಂಟಕ್ಕೆ ಸಿಗಿಸಿದಳು. "ಗಿರಣಿ ಮಹೇಶ್ವರಪ್ಪರ ಹತ್ರ ಇಡ್ತೀನಿ. ಅವ್ರೂ ಬಡ್ಡಿ ಯವಾರ ಸುರು ಮಾಡ್ಯಾರೆ. ಮೂಕಮ್ಮ ಆಗಲೇ ಇಟ್ಟು ಬಂದ್ಲು."

"ಅವನತ್ರಾನಾ?"

"ಹೂಂ ಕಣಕ್ಕ. ಅವರದು ಲೈಸೆನ್ಸು ಪಕ್ಕಾ ಐತೆ. ಎರಡೂ ತಾಲ್ಲೂಕಿಗೂ ಫೀಸು ಕಟ್ಯಾರಂತೆ."

"ನನ್ನ ದುಡ್ಡಲ್ಲಿ ಕಟ್ಯಾನೆ ಕಣೇ!"

ಗುಡ್ಡಮ್ಮ ಅವಳನ್ನು ಕನಿಕರದಿಂದ ನೋಡಿದಳು.

"ಹಂಗೆಲ್ಲ ಅನ್ನಬ್ಯಾಡಕ್ಕ. ಕೋರ್ಟಲ್ಲೇ ಇತ್ಯರ್ಥ ಆಗೈತಲ್ಲ."