ಹನ್ನೆರಡು ಮಿಲ್

ನನಗೆ ಅಕ್ಷರಕ್ಕಿಂತ ಅಂಕಿ ಚೆನ್ನಾಗಿ ಗೊತ್ತು. ಶಾಲೆ ನಾಲ್ಕನೇ ಕ್ಲಾಸಿಗೆ ಮುಗಿಯಿತು. ನಮ್ಮೆಜಮಾನರು ದಾವಣಗೆರೆ ಡಿಪೋದಲ್ಲಿ ಬಸ್ ಡ್ರೈವರ್ ಆಗಿದ್ದರು. ಅವರ ಬಸ್ಸು ಎಷ್ಟೊತ್ತಿಗೆ ಎಲ್ಲಿ ಬಿಡುತ್ತದೆ, ಎಷ್ಟೊತ್ತಿಗೆ ಎಲ್ಲಿ ಮುಟ್ಟುತ್ತದೆ ಎಂದು ನೋಡಿಕೊಂಡೇ ನಾನು ಅನ್ನಕ್ಕೆ ಇಡುತ್ತಿದ್ದೆ. ಹೊರಟ ಹೊತ್ತು, ಮುಟ್ಟಿದ ಹೊತ್ತು ಹೇಳಿದರೆ ದಾರಿ ಎಷ್ಟುದ್ದ ಎಂದು ಈಗಲೂ ಹೇಳುತ್ತೇನೆ. ಅಂಥವಳು ಒಮ್ಮೆ ಲೆಕ್ಕ ಹಾಕದೆ ಬಾಯಿ ಬಿಟ್ಟೆ. ಬಿಟ್ಟದ್ದು ಹೆತ್ತ ಮಗಳ ಮುಂದೆ.

ಆ ನವೆಂಬರಿನಲ್ಲಿ ನಾನು ಇಂಗ್ಲೆಂಡಿನ ಸ್ಟಾಕ್‌ಪೋರ್ಟಿಗೆ ಬಂದದ್ದು ಮಗಳ ಎರಡನೇ ಬಾಣಂತನಕ್ಕೆ. ಫೆಬ್ರವರಿ ಕೊನೆಗೆ ದಿನ ಹೇಳಿದ್ದರು. ಮೊದಲನೆಯದಕ್ಕೆ ನನಗೆ ವೀಸಾ ಸಿಕ್ಕಿರಲಿಲ್ಲ. ಆಗ ನಡೆದದ್ದನ್ನು ಫೋನಿನಲ್ಲಿ ಕೇಳಿದ್ದೆ, ಅಷ್ಟೇ. ನೋವು ಶುರುವಾಗಿ ಒಂದು ಗಂಟೆಯೊಳಗೆ, ಆಸ್ಪತ್ರೆಯ ಕಾರ್ ಪಾರ್ಕಿನಲ್ಲೇ ಕೂಸು ಬಂದುಬಿಟ್ಟಿತು. ಆಮೇಲೆ ರಕ್ತ ನಿಲ್ಲಲಿಲ್ಲ. ಬಾಗಿಲು ಹತ್ತು ಹೆಜ್ಜೆ ದೂರದಲ್ಲಿದ್ದದ್ದಕ್ಕೆ ಜೀವ ಉಳಿಯಿತು. ಎರಡನೆಯದು ಇನ್ನೂ ಬೇಗ ಬರಬಹುದು, ಆಸ್ಪತ್ರೆಗೆ ಹತ್ತಿರವೇ ಇರಿ ಎಂದು ಇಲ್ಲಿನ ಮಿಡ್‌ವೈಫ್ ಹೇಳಿದ್ದಳು. ಕಾರ್ ಪಾರ್ಕಿನಲ್ಲಿ ಬಂದ ಆ ಹುಡುಗಿಗೆ ಈಗ ಆರು ವರ್ಷ. ಕನ್ನಡ ಎಲ್ಲ ತಿಳಿಯುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ.

ನಾನು ಬಂದು ವಾರವಾಗಿರಲಿಲ್ಲ, ಅಳಿಯನಿಗೆ ಸ್ವೀಡನ್ನಿನಿಂದ ಕೆಲಸದ ಕರೆ ಬಂತು. ಗಾಳಿಯಿಂದ ಕರೆಂಟು ತೆಗೆಯುವ ಯಂತ್ರದ ಎಂಜಿನಿಯರು ಅವನು. ಹತ್ತು ವರ್ಷದಿಂದ ಮ್ಯಾಂಚೆಸ್ಟರಿನ ಆಫೀಸಿನಲ್ಲಿ ಕಂಪ್ಯೂಟರಿನ ಮೇಲೆ ಆ ಯಂತ್ರದ ರೆಕ್ಕೆ ಬರೆಯುತ್ತಿದ್ದಾನೆ, ನಿಜವಾದ ಒಂದನ್ನು ಕೈಯಿಂದ ಮುಟ್ಟಿದವನಲ್ಲ. ಅಲ್ಲಿ ಕಾಡಿನ ನಡುವೆ ಸಾಲುಸಾಲು ನಿಂತಿರುವ ಯಂತ್ರಗಳಿಗೆ ಅವನೇ ಮುಖ್ಯಸ್ಥ. ಆದರೆ ಜನವರಿಯಲ್ಲೇ ಸೇರಬೇಕು. ಎಂಟನೇ ತಿಂಗಳಿನ ಬಸುರಿಯನ್ನು ಕಟ್ಟಿಕೊಂಡು ಹೋಗಬೇಕು.

ಆ ಜಿಲ್ಲೆಯ ಹೆಸರಿಗೆ ನನ್ನ ನಾಲಿಗೆ ಹೊರಳಲೇ ಇಲ್ಲ. ಮೇಲಿನ ಜಿಲ್ಲೆ ಎನ್ನುತ್ತಿದ್ದೆ. ಅಳಿಯ ಪ್ರತಿ ಭಾನುವಾರ ಲ್ಯಾಪ್‌ಟಾಪ್ ಮುಂದಿಟ್ಟುಕೊಂಡು ಮೇಷ್ಟ್ರ ಹಾಗೆ ಅದರ ಪಾಠ ಹೇಳುತ್ತಿದ್ದ. ನಾನು ಬೆಳ್ಳುಳ್ಳಿ ಸುಲಿಯುತ್ತ ಕೇಳುತ್ತಿದ್ದೆ. ಪಡುವಣದಲ್ಲಿ ನಾರ್ವೆ ದೇಶದ ಬೆಟ್ಟ, ಮೂಡಣದಲ್ಲಿ ಸಮುದ್ರ, ನಡುವೆ ಕಾಡು. ನದಿಗಳೆಲ್ಲ ಬೆಟ್ಟದಿಂದ ಸಮುದ್ರಕ್ಕೆ ಬಾಚಣಿಗೆಯ ಹಲ್ಲಿನಂತೆ ಸಾಲಾಗಿ ಇಳಿಯುತ್ತವೆ. ಜನ ಹೆಚ್ಚಾಗಿ ಸಮುದ್ರದ ಅಂಚಿನಲ್ಲೇ ಇದ್ದಾರೆ. ನಾವು ಹೋಗಬೇಕಾದ ಸಣ್ಣ ಊರು ಒಳಗೆ, ಕಾಡಿನ ಕಡೆಗೆ.

"ಅತ್ತೆ, ಇದು ಕೇಳಿ. ಅಲ್ಲಿ ಭೂಮಿ ವರ್ಷ ವರ್ಷ ಮೇಲಕ್ಕೆ ಬರ್ತಿದೆ. ಹಿಂದೆ ಅದರ ಮೇಲೆ ಮೈಲಿಗಟ್ಟಲೆ ದಪ್ಪ ಐಸ್ ಕೂತಿತ್ತಂತೆ. ಐಸ್ ಕರಗಿ ಹೋಯ್ತು, ನೆಲ ಇನ್ನೂ ಏಳ್ತಾನೇ ಇದೆ."

"ಅಕ್ಕಿ ಮೂಟೆ ತೆಗೆದ ಮೇಲೆ ಹಾಸಿಗೆ ಉಬ್ಬಿದಂಗೆ."

"ಎಕ್ಸಾಕ್ಟ್ಲಿ! ದೋಣಿ ಕಟ್ಟೋಕೆ ಅಂತ ನೀರಂಚಲ್ಲಿ ಹಾಕಿದ ಶೆಡ್ಡು, ಮೊಮ್ಮಕ್ಕಳ ಕಾಲಕ್ಕೆ ಹುಲ್ಲಲ್ಲಿ ನಿಂತಿರುತ್ತೆ."

ಡಿಸೆಂಬರಿನಲ್ಲಿ ಬೆಳಕು ಒಂಬತ್ತಕ್ಕೆ ಬಂದು ಎರಡಕ್ಕೆ ಹೋಗುತ್ತದೆ ಎಂದ. ಸಮುದ್ರ ಹೆಪ್ಪುಗಟ್ಟುತ್ತದಂತೆ. ಬೆಳಿಗ್ಗೆ ಕಾರು ಏಳಬೇಕಾದರೆ ಅದಕ್ಕೆ ಮೊದಲೇ ಕರೆಂಟಿನ ವೈರು ಚುಚ್ಚಿ ಬೆಚ್ಚಗೆ ಮಾಡಬೇಕಂತೆ. ಬೇಸಿಗೆಯಲ್ಲಿ ಕತ್ತಲೆಯೇ ಇಲ್ಲ, ಸೊಳ್ಳೆ ಮಾತ್ರ ಉಂಟು. ನಾನು ಹೆದರಲಿಲ್ಲ. ಚಳಿಗೆ ಬಟ್ಟೆ ಇದೆ, ಸೊಳ್ಳೆಗೆ ಪರದೆ ಇದೆ.

ರಾಜಕೀಯದ ಪಾಠ ಶುರುವಾದಾಗ ಮಗಳು ತರಕಾರಿ ಹೆಚ್ಚುವುದನ್ನು ನಿಲ್ಲಿಸಿದಳು. ನಮ್ಮಲ್ಲಿ ಜಿಲ್ಲಾ ಪಂಚಾಯಿತಿ ಎಂದರೆ ರಸ್ತೆ, ಶಾಲೆ, ಬೋರ್‌ವೆಲ್. ಅಲ್ಲಿ ಜಿಲ್ಲಾ ಸಭೆಯ ದೊಡ್ಡ ಕೆಲಸವೇ ಆಸ್ಪತ್ರೆ. ಯಾವ ಊರಿನಲ್ಲಿ ಯಾವ ವಾರ್ಡು ಇರಬೇಕು, ಯಾವುದು ಮುಚ್ಚಬೇಕು ಎಂದು ಕೈ ಎತ್ತಿ ತೀರ್ಮಾನಿಸುತ್ತಾರೆ. ಸಮುದ್ರದ ಕಡೆಯವರು ಹೆಚ್ಚು, ಹಾಗಾಗಿ ಅವರ ಕೈಗಳೂ ಹೆಚ್ಚು. ನಾವು ಹೋಗುವ ಊರಿನ ಆಸ್ಪತ್ರೆಯಲ್ಲಿ ಹೆರಿಗೆ ವಾರ್ಡು ಮುಚ್ಚಿದ್ದರು. ಕಾಡಿನ ಕಡೆಯವರು ಬೋರ್ಡು ಹಿಡಿದು ಹಿಮದಲ್ಲಿ ನಿಂತಿದ್ದ ಫೋಟೋವನ್ನು ಅಳಿಯ ತೋರಿಸಿದ. ನಮ್ಮ ನದಿಯ ಕರೆಂಟು ಬೇಕು, ನಮ್ಮ ಗಾಳಿಯ ಕರೆಂಟು ಬೇಕು, ನಮ್ಮ ಮಕ್ಕಳು ಬೇಡವಾ ಎಂದು ಬರೆದಿತ್ತಂತೆ.

"ಹಂಗಾದ್ರೆ ಹೆರಿಗೆಗೆ ಎಲ್ಲಿಗೆ ಹೋಗೋದು?" ಎಂದಳು ಮಗಳು.

"ಕೋಸ್ಟ್ ಕಡೆ ಊರಿಗೆ. ಅಲ್ಲಿನ ಕಲೀಗ್‌ಗೆ ಮೆಸೇಜ್ ಹಾಕಿದ್ದೆ. ಟ್ವೆಲ್ವ್ ಮೈಲ್ಸ್ ಅಷ್ಟೇ. ನೋಡು, ಅವನೇ ಬರೆದಿದ್ದಾನೆ."

ಫೋನು ನನ್ನ ಮುಂದೆಯೂ ಬಂತು. ಒಂದು, ಎರಡು ಎಂಬ ಅಂಕಿ, ಪಕ್ಕದಲ್ಲಿ ಮೂರು ಇಂಗ್ಲಿಷ್ ಅಕ್ಷರ. ಈ ದೇಶದಲ್ಲಿ ರಸ್ತೆಯ ಬೋರ್ಡೆಲ್ಲ ಮೈಲಿಯಲ್ಲೇ ಇರುವುದು. ನನಗೂ ಚಿಕ್ಕಂದಿನಿಂದ ಮೈಲಿಯೇ ರೂಢಿ. ಯಾರಿಗೂ ಅನುಮಾನ ಬರಲಿಲ್ಲ.

ಮಗಳು ಒಪ್ಪಲಿಲ್ಲ. ಮೂರು ದಿನ ಮನೆಯಲ್ಲಿ ಬಾಗಿಲುಗಳೇ ಮಾತಾಡಿದವು. ಕಪಾಟಿನ ಬಾಗಿಲು ಧಡ್, ಫ್ರಿಜ್ಜಿನ ಬಾಗಿಲು ಧಡ್. ಅಳಿಯ ಹೊಸ ಕೆಲಸದ ಒಪ್ಪಂದದ ಕಾಗದ ಪ್ರಿಂಟು ಮಾಡಿ ಊಟದ ಮೇಜಿನ ಮೇಲಿಟ್ಟಿದ್ದ. ಸೋಮವಾರದೊಳಗೆ ಸಹಿ ಆಗಬೇಕು. ಗುರುವಾರ ಮಧ್ಯಾಹ್ನ ಅವನು ಆಫೀಸಿನಲ್ಲಿದ್ದಾಗ ನಾನೇ ಮಗಳನ್ನು ಹಿಡಿದೆ.

"ಏನು ಹೆದರಿಕೆ ನಿಂದು? ಹನ್ನೆರಡು ಮೈಲಿ ಅಂದ್ರೆ ನಮ್ಮೂರಿಂದ ಹರಿಹರ ದಾಟಿ ಒಂಚೂರು. ನಿನ್ನ ಹೆತ್ತ ದಿನ ನಾನು ಬೆಳಿಗ್ಗೆ ಗಿರಣಿಗೆ ಹೋಗಿ ರಾಗಿ ಬೀಸಿಸ್ಕೊಂಡು ಬಂದಿದ್ದೆ."

"ನೀನು ಕಾರ್ ಪಾರ್ಕಲ್ಲಿ ಹೆತ್ತಿಲ್ಲಮ್ಮ."

"ಒಂದ್ಸಲ ಆತು ಅಂತ ಸಾಯೋವರೆಗೂ ಆಸ್ಪತ್ರೆ ಗೋಡೆ ತಬ್ಕೊಂಡು ಕೂರ್ತೀಯಾ? ಅವರ ಮುಖ ನೋಡಿದ್ಯಾ? ಹತ್ತು ವರ್ಷದಿಂದ ನಗದೇ ಇರೋ ಮನುಷ್ಯ ಈಗ ನಗ್ತಾವ್ರೆ. ಪುಕ್ಕಲಿ ಆಗಬೇಡ."

ಪುಕ್ಕಲಿ ಎಂದದ್ದು ನಾಟಿತು. ಅವಳು ನನ್ನನ್ನು ನೋಡಲಿಲ್ಲ. ಶುಕ್ರವಾರ ಸಂಜೆ ಗಂಡನಿಗೆ "ಆಯ್ತು, ಹೋಗೋಣ" ಎಂದಳು. ಆ ಆಯ್ತುವಿನಲ್ಲಿ ಉಪ್ಪಿಲ್ಲ ಹುಳಿಯಿಲ್ಲ. ಆದರೂ ನಾನು ಗೆದ್ದೆ ಎಂದುಕೊಂಡೆ.

ಶನಿವಾರ ಮಧ್ಯಾಹ್ನ ಊಟಕ್ಕೆ ಕೂತಿದ್ದೆವು. ಹೊರಗೆ ಸಣ್ಣ ಮಳೆ. ಅಳಿಯ ಬಲು ಖುಷಿಯಲ್ಲಿದ್ದ. ಸಹಿ ಊಟವಾದ ಮೇಲೆ. ನನ್ನನ್ನು ಖುಷಿಪಡಿಸಬೇಕೆಂದು ಫೋನಿನಲ್ಲಿ ಏನೋ ತೆಗೆದು ಕೊಟ್ಟ.

"ಅತ್ತೆ, ನಿಮಗೆ ಬಸ್ ಟೈಮ್ ನೋಡೋದು ಇಷ್ಟ ಅಲ್ವಾ? ಇದು ಸ್ವೀಡನ್ನಿನ ನಮ್ಮೂರಿಂದ ಕೋಸ್ಟ್ ಊರಿಗೆ ಹೋಗೋ ಬಸ್ಸು. ಅಲ್ಲಿ ಇಂಡಿಯನ್ ಅಂಗಡಿ ಇದೆ. ಅವರೆಕಾಳು ಸಿಗುತ್ತೋ ಇಲ್ವೋ, ತೊಗರಿಬೇಳೆ ಅಂತೂ ಸಿಗುತ್ತೆ."

ಕನ್ನಡಕ ಹಾಕಿಕೊಂಡು ಅಂಕಿ ಓದಿದೆ. ಏಳು ಹದಿನೈದಕ್ಕೆ ಬಿಡುತ್ತದೆ. ಒಂಬತ್ತು ಇಪ್ಪತ್ತಕ್ಕೆ ಮುಟ್ಟುತ್ತದೆ. ತಪ್ಪು ಸಾಲು ನೋಡಿದೆನೇನೋ ಎಂದು ಬೆರಳಿಟ್ಟು ಮತ್ತೆ ಓದಿದೆ. ಕೆಳಗಿನ ಬಸ್ಸೂ ಅಷ್ಟೇ ಹೊತ್ತು.

"ಇದೇ ಊರಾ, ಹೆರಿಗೆ ಆಸ್ಪತ್ರೆ ಇರೋದು?"

"ಹೂಂ, ಅದೇ."

"ಹನ್ನೆರಡು ಮೈಲಿಗೆ ಎರಡು ಗಂಟೆ ಯಾಕೆ ಬೇಕು? ಡ್ರೈವರು ನಡುವೆ ಇಳಿದು ಸ್ನಾನ ಮಾಡ್ತಾನಾ?"

ಮೊಮ್ಮಗಳು ಕಿಸಕ್ಕೆಂದಳು. "ಅಜ್ಜಿ, ಡ್ರೈವರ್ಸ್ ಡೋಂಟ್ ಹ್ಯಾವ್ ಬಾತ್ಸ್!"

"ಸುತ್ತಿ ಹೋಗುತ್ತೆ ಅತ್ತೆ. ಸ್ಟಾಪ್ ಜಾಸ್ತಿ ಇರುತ್ತೆ."

"ಎಷ್ಟು ಸ್ಟಾಪು? ಎಣಿಸಿ."

ಎಣಿಸಿದ. ಹದಿನಾಲ್ಕು. ನಾನು ಲೆಕ್ಕ ಹಿಡಿದೆ. "ಸ್ಟಾಪಿಗೆ ಎರಡೆರಡು ನಿಮಿಷ ಹಿಡೀರಿ, ಇಪ್ಪತ್ತೆಂಟಾತು. ಇನ್ನೂ ಒಂದೂವರೆ ಗಂಟೆ ಮಿಕ್ಕೈತೆ. ಕಾಡಿನ ರಸ್ತೆ, ಜನ ಇಲ್ಲ, ಸಿಗ್ನಲ್ ಇಲ್ಲ. ಅಷ್ಟು ಹೊತ್ತು ಆ ಬಸ್ಸು ಏನ್ ಮಾಡ್ತೈತೆ?"

ಮಗಳ ಕೈ ತಟ್ಟೆಯಲ್ಲೇ ನಿಂತಿತ್ತು. ಅಳಿಯ ಅನ್ನದ ಕೈ ತೊಳೆಯದೆಯೇ ಎಡಗೈಯಲ್ಲಿ ಆ ಸ್ನೇಹಿತನಿಗೆ ಬರೆದ. ಉತ್ತರ ಬರುವವರೆಗೆ ಯಾರೂ ತುತ್ತೆತ್ತಲಿಲ್ಲ. ಬಂದದ್ದನ್ನು ಅವನು ಮನಸ್ಸಿನಲ್ಲೇ ಓದಿಕೊಂಡು ಫೋನನ್ನು ಬೋರಲು ಹಾಕಿದ. ಮಗಳು ಅದನ್ನೆತ್ತಿ ಗಟ್ಟಿಯಾಗಿ ಓದಿ, ನನಗಾಗಿ ಕನ್ನಡದಲ್ಲಿ ಹೇಳಿದಳು.

"ಮೈಲಿ ಅಲ್ಲಮ್ಮ. ಮಿಲ್. ಅವರ ಒಂದು ಮಿಲ್ ಅಂದ್ರೆ ಹತ್ತು ಕಿಲೋಮೀಟರ್."

ನೂರಿಪ್ಪತ್ತು. ಹರಿಹರವಲ್ಲ, ದಾವಣಗೆರೆಯಿಂದ ಚಿತ್ರದುರ್ಗಕ್ಕೆ ಹೋಗಿ ತಿರುಗಿ ಬಂದಷ್ಟು. ಹಿಮದಲ್ಲಿ, ಎರಡಕ್ಕೇ ಬೆಳಕು ಹೋಗುವ ಕಾಡಿನಲ್ಲಿ.

"ಮ್ಯಾಪ್ ನೋಡ್ಲಿಲ್ವಾ ನೀನು?" ಎಂದಳು ಗಂಡನಿಗೆ.

"ಆಸ್ಪತ್ರೆ ಊರಲ್ಲೇ ಇದೆ ಅಂತ ಮೊದಲು ನೋಡಿದ್ದೆ. ಆಮೇಲೆ ಅವನು ಟ್ವೆಲ್ವ್ ಅಂದ…" ಅವಳ ಕೈಯಿಂದ ಫೋನು ತೆಗೆದುಕೊಂಡ. "ಕೇಳು, ಜನವರಿಯಲ್ಲಿ ಅವರ ಮೀಟಿಂಗ್ ಇದೆ. ವಾರ್ಡ್ ವಾಪಸ್ ತೆರೆಯೋದಕ್ಕೆ ವೋಟ್ ಹಾಕ್ತಾರೆ. ಒಂದೆರಡು ವೋಟ್ ಆಚೀಚೆ ಆದ್ರೆ ಸಾಕು. ನೆಕ್ಸ್ಟ್ ಇಯರ್ ಎಲೆಕ್ಷನ್ ಬೇರೆ, ಯಾರೂ ಬೇಡ ಅನ್ನಲ್ಲ."

"ಅವರು ಕೈ ಎತ್ತೋವರೆಗೂ ನಾನು ಕಾಲು ಜೋಡಿಸ್ಕೊಂಡು ಕೂತಿರ್ಲಾ?"

ಅವಳು ನನ್ನ ಕಡೆ ತಿರುಗಿದಳು. "ನೀನೂ ಹೇಳು. ಹರಿಹರ ದಾಟಿ ಒಂಚೂರು ಅಂತ."

"ದುರ್ಗಕ್ಕೆ ಹೋಗಿ ಬಂದಷ್ಟು," ಎಂದೆ.

"ಅಷ್ಟೇನಾ? ತಪ್ಪಾಯ್ತು ಅನ್ನೋಕೆ ಬರಲ್ವಾ ನಿಂಗೆ?"

"ಬರುತ್ತೆ. ಮೊದಲು ಊಟ ಮಾಡು."

ಅವಳು ಎದ್ದು ಹೋದಳು. ತಪ್ಪಾಯಿತು ಎಂದು ನಾನು ಅವತ್ತು ಹೇಳಲಿಲ್ಲ. ಆಮೇಲೂ ಹೇಳಲಿಲ್ಲ. ಹೇಳಬೇಕಿತ್ತು.

ಕಾಗದದ ಮೇಲೆ ಸಹಿ ಬೀಳಲಿಲ್ಲ. ಏಪ್ರಿಲ್‌ಗೆ ಬರುತ್ತೇನೆ ಎಂದು ಅಳಿಯ ಕೇಳಿಕೊಂಡ. ನೋಡುತ್ತೇವೆ ಎಂದರು. ನೋಡಿದರು, ಜನವರಿ ಮೊದಲ ವಾರ ಬೇರೆಯವರನ್ನು ತೆಗೆದುಕೊಂಡರು. ಅವನು ನನ್ನ ಜೊತೆ ಮಾತು ಬಿಡಲಿಲ್ಲ. ಕಾಫಿ ಬೇಕಾ ಅತ್ತೆ, ಹೀಟಿಂಗ್ ಜಾಸ್ತಿ ಮಾಡ್ಲಾ ಅತ್ತೆ, ಎಲ್ಲ ಇತ್ತು. ಪಾಠ ಮಾತ್ರ ನಿಂತಿತು. ಭಾನುವಾರ ಲ್ಯಾಪ್‌ಟಾಪ್ ತೆಗೆಯುತ್ತಿದ್ದ, ಒಬ್ಬನೇ ಆ ಜಿಲ್ಲೆಯ ನಕ್ಷೆ ನೋಡುತ್ತಿದ್ದ, ಮುಚ್ಚಿಡುತ್ತಿದ್ದ. ಒಂದು ದಿನ ನನ್ನ ಹಿಂದೆ ಬಂದು ನಿಂತು, "ಮೀಟಿಂಗ್ ಆಯ್ತು ಅತ್ತೆ. ಇನ್ನೂ ಸ್ಟಡಿ ಮಾಡಬೇಕು ಅಂತ ಮುಂದಕ್ಕೆ ಹಾಕಿದ್ರು," ಎಂದ. ದಾವಣಗೆರೆಯಲ್ಲಿ ನಮ್ಮ ಬೀದಿಯ ಚರಂಡಿಯನ್ನೂ ಹೀಗೇ ಸ್ಟಡಿ ಮಾಡಿದ್ದರು. ಅದನ್ನು ಅವನಿಗೆ ಹೇಳಲಿಲ್ಲ.

ಆ ಒಂದೂವರೆ ತಿಂಗಳು ಏನು ಬೇಡಿಕೊಳ್ಳಬೇಕೆಂದು ನನಗೆ ತಿಳಿಯಲಿಲ್ಲ. ಮಗಳು ಸಾವಕಾಶವಾಗಿ ಒಂದು ಹಗಲೆಲ್ಲ ನೋವು ತಿಂದು ಸುಸೂತ್ರವಾಗಿ ಹೆತ್ತರೆ, ಅಲ್ಲೇ ಹೋಗಬಹುದಿತ್ತಲ್ಲ ಎಂದು ಅಳಿಯನಿಗೆ ಬದುಕಿಡೀ ಅನಿಸುತ್ತದೆ. ಬಾಯಿಬಿಟ್ಟು ಹೇಳುವವನಲ್ಲ, ಅದೇ ಕಷ್ಟ. ಬೇಗ ಹೆತ್ತರೆ ಹೋಗದೆ ಉಳಿದದ್ದೇ ಸರಿ ಎಂಬ ನಮ್ಮ ಮಾತು ಉಳಿಯುತ್ತದೆ, ಮಗಳು ಉಳಿಯುತ್ತಾಳೋ ಇಲ್ಲವೋ. ಹೆತ್ತವಳ ತಲೆಯಲ್ಲಿ ಇಂಥದ್ದೂ ಓಡುತ್ತದೆ. ಓಡಲಿಲ್ಲ ಎಂದು ಬರೆದರೆ ಸುಳ್ಳಾಗುತ್ತದೆ.

ಫೆಬ್ರವರಿಯ ಒಂದು ಮಂಗಳವಾರ. ಮೊಮ್ಮಗಳನ್ನು ಶಾಲೆಗೆ ಬಿಟ್ಟು ಬಂದ ಅಳಿಯ ಅವತ್ತು ಮನೆಯಿಂದಲೇ ಕೆಲಸ ಮಾಡುತ್ತಿದ್ದ. ಹತ್ತು ಗಂಟೆ ಹತ್ತು ನಿಮಿಷಕ್ಕೆ ಮಗಳು ಸಿಂಕ್ ಹಿಡಿದುಕೊಂಡು "ಅಮ್ಮಾ" ಎಂದಳು. ಒಲೆ ಆರಿಸಿದೆ. ಚಪ್ಪಲಿಯಲ್ಲೇ ಕಾರು ಹತ್ತಿದೆ. ಆಸ್ಪತ್ರೆ ಹತ್ತು ನಿಮಿಷದ ದಾರಿ. ಹಿಂದಿನ ಸೀಟಿನಲ್ಲಿ ಅವಳು ನನ್ನ ಮಣಿಕಟ್ಟು ಹಿಡಿದಿದ್ದಳು. ಉಗುರಿನ ಗುರುತು ವಾರ ಇತ್ತು. ವೀಲ್‌ಚೇರಿನಲ್ಲಿ ಒಳಗೆ ತಳ್ಳಿಕೊಂಡು ಹೋದರು, ಗಂಡನನ್ನು ಬಿಟ್ಟುಕೊಂಡರು, ನನ್ನನ್ನು ಹೊರಗೆ ಕೂರಿಸಿದರು.

ಕೂಸಿನ ಅಳು ಕೇಳಿತು. ಎದುರಿನ ಗೋಡೆ ಗಡಿಯಾರ ನೋಡಿದೆ. ಅಷ್ಟರಲ್ಲಿ ಒಳಗೆ ಯಾರೋ ಗುಂಡಿ ಒತ್ತಿದರು. ಬಾಗಿಲ ಮೇಲಿನ ದೀಪ ಉರಿಯಿತು. ಆ ಕಡೆಯಿಂದ ಇಬ್ಬರು, ಈ ಕಡೆಯಿಂದ ಮೂವರು ಓಡಿ ಬಂದರು. ಒಬ್ಬಳ ಕೈಯಲ್ಲಿ ರಕ್ತದ ಚೀಲ. ಅಳಿಯನನ್ನು ಹೊರಗೆ ಕಳಿಸಿದರು. ಅವನ ಅಂಗಿಯ ತೋಳು ಒದ್ದೆಯಾಗಿತ್ತು. ನಾವಿಬ್ಬರೂ ಆ ದೀಪವನ್ನೇ ನೋಡುತ್ತ ಕೂತೆವು. ಎಷ್ಟು ಹೊತ್ತು ಎಂದು ಕೇಳಿದರೆ, ನನ್ನ ಜೀವನದಲ್ಲಿ ಅದೊಂದು ಹೊತ್ತಿನ ಲೆಕ್ಕ ನನ್ನ ಬಳಿ ಇಲ್ಲ.

ದೀಪ ಆರಿತು. ವಯಸ್ಸಾದ ಮಿಡ್‌ವೈಫ್ ಬಂದು ಇಂಗ್ಲಿಷಿನಲ್ಲಿ ಏನೋ ಹೇಳಿದಳು. ಅವಳ ಮುಖ ನೋಡಿಯೇ ಗೊತ್ತಾಯಿತು.

"ರಕ್ತ ನಿಂತಿದೆ ಅತ್ತೆ. ಮಾತಾಡ್ತಿದ್ದಾಳಂತೆ. ಗಂಡು ಮಗು," ಎಂದ ಅಳಿಯ. ಆಮೇಲೆ ಗಡಿಯಾರದ ಕಡೆ ನೋಡಿದ. "ಮಗು ಅತ್ತಾಗ ಎಷ್ಟು ಗಂಟೆ?"

"ಹತ್ತು ಐವತ್ತೆರಡು."

"ಹತ್ತೂ ಹತ್ತಕ್ಕೆ ಶುರು." ಅವನ ತುಟಿ ಅಲುಗುತ್ತಿತ್ತು, ಲೆಕ್ಕ ಹಾಕುತ್ತಿದ್ದ. ನಾನು ನಡುವೆ ಬಾಯಿ ಹಾಕಲಿಲ್ಲ. "ನಲವತ್ತೆರಡು ನಿಮಿಷ. ಅಲ್ಲಾಗಿದ್ರೆ ಹಿಮದ ರಸ್ತೆ. ನಾಲ್ಕೂವರೆ ಮಿಲ್ ಹೋಗಿರ್ತಿದ್ವಿ."

"ಅಲ್ಲಿ ಏನೈತೆ?"

ನಕ್ಷೆ ಅವನಿಗೆ ಬಾಯಿಪಾಠವಾಗಿತ್ತು. ಕಣ್ಣು ಮುಚ್ಚಿಕೊಂಡು ಆ ರಸ್ತೆಯಲ್ಲಿ ಹೋಗಿ ನೋಡಿಕೊಂಡು ಬಂದ.

"ಕಾಡು, ಅತ್ತೆ," ಎಂದ. "ಬರೀ ಕಾಡು."